ಎದುರಿಗಿಲ್ಲದವರ ಜೊತೆ ಹಾಡಿದ ಯುಗಳ ಗೀತೆ

ಮಾರ್ವಿನ್ ಗೇ ಮತ್ತು ಟ್ಯಾಮಿ ಟೆರೆಲ್ ಜೋಡಿಯ ‘ಯುನೈಟೆಡ್’ 1967ರ ಆಲ್ಬಂ. ಅದರ ಅತ್ಯಂತ ಜನಪ್ರಿಯ ಹಾಡನ್ನು ಇಬ್ಬರೂ ಹಾಡಿದ್ದು ಒಟ್ಟಿಗಲ್ಲ, ಬೇರೆ ಬೇರೆ ದಿನ. ಆದರೂ ಜಗತ್ತು ಅದನ್ನು ಜೋಡಿ ಹಾಡಿನ ಮಾದರಿ ಎಂದೇ ಎದೆಗೆ ಹಚ್ಚಿಕೊಂಡಿತು.

1966–67ರ ಚಳಿಗಾಲ. ಅಮೆರಿಕದ ಡೆಟ್ರಾಯಿಟ್ ನಗರದ ವೆಸ್ಟ್ ಗ್ರಾಂಡ್ ಬುಲೆವಾರ್ಡ್ ರಸ್ತೆ, ಮನೆ ನಂಬರ್ 2648. ರಸ್ತೆಯಿಂದ ನೋಡಿದರೆ ಸುತ್ತಲಿನ ಮನೆಗಳಂಥದ್ದೇ ಒಂದು ಮನೆ. ಹಿಂಭಾಗದಲ್ಲಿ ಸ್ಟುಡಿಯೋ ಇದೆ. ಮೈಕಿನ ಮುಂದೆ 21 ವರ್ಷದ ಹುಡುಗಿಯೊಬ್ಬಳು ನಿಂತಿದ್ದಾಳೆ. ಸಾಹಿತ್ಯವನ್ನು ಸರಿಯಾಗಿ ಅಭ್ಯಾಸ ಮಾಡಿಕೊಳ್ಳಲು ಪುರುಸೊತ್ತು ಸಿಕ್ಕಿಲ್ಲ, ಎದೆಯೊಳಗೆ ಅಳುಕು. ಹಾಡಬೇಕಾದದ್ದು ಗಂಡು ಹೆಣ್ಣು ಇಬ್ಬರೂ ಸೇರಿ ಹಾಡುವ ಹಾಡು. ಗಂಡುದನಿ ಅಲ್ಲಿಲ್ಲ. ಅವನು ಎದುರಿಗೇ ನಿಂತಿದ್ದಾನೆ, ತನ್ನ ಮಾತು ಕೇಳಿಸಿಕೊಳ್ಳುತ್ತಿದ್ದಾನೆ ಎಂದುಕೊಂಡೇ ಅವಳು ಹಾಡಬೇಕು.

ಹಾಡಿದಳು. ಅವನು ಬಂದದ್ದು ಆಮೇಲೆ. ಅವಳ ದನಿಯನ್ನು ಕಿವಿಗೆ ಹಾಕಿಕೊಂಡು, ಅವಳೇ ಎದುರಿಗಿದ್ದಾಳೆ ಎನ್ನುವಂತೆ ತನ್ನ ಪಾಲು ಹಾಡಿ ಹೋದ.

ಅವಳು ಟ್ಯಾಮಿ ಟೆರೆಲ್. ಅವನು ಮಾರ್ವಿನ್ ಗೇ. ಹಾಡಿನ ಹೆಸರು ‘ಏಂಟ್ ನೋ ಮೌಂಟನ್ ಹೈ ಇನಫ್’. 1967ರ ಏಪ್ರಿಲ್‌ನಲ್ಲಿ ಅದು ಸಿಂಗಲ್ ಆಗಿ ಬಿಡುಗಡೆಯಾಯಿತು. ಆಗಸ್ಟ್ ಕೊನೆಯಲ್ಲಿ ಇದೇ ಹಾಡನ್ನು ಮೊದಲಿಗಿಟ್ಟುಕೊಂಡು 12 ಹಾಡುಗಳ ‘ಯುನೈಟೆಡ್’ ಆಲ್ಬಂ ಬಂತು. ಹೆಸರಿನ ಅರ್ಥವೇ ‘ಒಂದಾದವರು’. ಅರ್ಧ ಶತಮಾನ ದಾಟಿದರೂ ಈ ಹಾಡು ಹಳತಾಗಿಲ್ಲ. 2014ರ ‘ಗಾರ್ಡಿಯನ್ಸ್ ಆಫ್ ದಿ ಗ್ಯಾಲಕ್ಸಿ’ ಸಿನಿಮಾ ನೋಡಿ ಬಂದ ಬೆಂಗಳೂರಿನ ಹುಡುಗರೂ ಇದನ್ನು ಗುನುಗಿದ್ದುಂಟು. ಕೇಳಿದವರಿಗೆಲ್ಲ ಅನ್ನಿಸುವುದು ಒಂದೇ: ಇಬ್ಬರೂ ಒಂದೇ ಮೈಕಿಗೆ ಮುಖ ಕೊಟ್ಟು, ಒಬ್ಬರನ್ನೊಬ್ಬರು ನೋಡಿ ನಗುತ್ತ ಹಾಡಿದ್ದಾರೆ.

ಹಾಗೆ ಅನ್ನಿಸುವಂತೆ ಮಾಡಿದ್ದೇ ಈ ಇಬ್ಬರ ದೊಡ್ಡ ಸಾಧನೆ. ಅದರಲ್ಲೂ ಮೊದಲು ಹಾಡಿದವಳ ಸಾಧನೆ. ಟ್ಯಾಮಿ ಟೆರೆಲ್ ಹೆಸರು ಬಂದಾಗಲೆಲ್ಲ ಜನ ಅವಳ ಕಾಯಿಲೆ, ಎಳೆಯ ವಯಸ್ಸಿನ ಸಾವು ನೆನೆದು ಮರುಗುತ್ತಾರೆ. ಅವಳ ಕಂಠದ ಕಸುಬುಗಾರಿಕೆ ಆ ಮರುಕದಲ್ಲಿ ಮುಚ್ಚಿಹೋಗುತ್ತದೆ. ‘ಯುನೈಟೆಡ್’ ಆಲ್ಬಂ ಅನ್ನು ಮೊದಲಿಂದ ಕೊನೆಯವರೆಗೆ ಕೇಳಿದರೆ ಅವಳು ಯಾರೆಂಬುದು ಸ್ಪಷ್ಟವಾಗುತ್ತದೆ.

ಮನೆಯೊಳಗಿನ ಕಾರ್ಖಾನೆ

ಆ ಮನೆ ಮೋಟೌನ್ ಎಂಬ ರೆಕಾರ್ಡ್ ಸಂಸ್ಥೆಯದು. ಅದರ ಕಥೆ ಶುರುವಾಗುವುದು 800 ಡಾಲರ್ ಸಾಲದಿಂದ. 1959ರ ಜನವರಿಯಲ್ಲಿ ಬೆರಿ ಗಾರ್ಡಿ ಎಂಬ ಕಪ್ಪುಜನಾಂಗದ ಯುವಕ ತನ್ನ ಮನೆಯವರು ಕೂಡಿಟ್ಟ ನಿಧಿಯಿಂದ ಈ ಸಾಲ ಎತ್ತಿದ. ಅದಕ್ಕೆ ಮೊದಲು ಅವನು ಡೆಟ್ರಾಯಿಟ್‌ನ ಲಿಂಕನ್–ಮರ್ಕ್ಯುರಿ ಕಾರು ಕಾರ್ಖಾನೆಯಲ್ಲಿ ಕೂಲಿ ಮಾಡಿದವನು. ಒಂದು ಕಡೆಯಿಂದ ಬರೀ ಚೌಕಟ್ಟು ಒಳಗೆ ಹೋಗುತ್ತದೆ, ಸಾಲಾಗಿ ನಿಂತವರು ತಲಾ ಒಂದೊಂದು ಭಾಗ ಜೋಡಿಸುತ್ತಾರೆ, ಇನ್ನೊಂದು ಕಡೆಯಿಂದ ಹೊಳೆಯುವ ಕಾರು ಹೊರಬರುತ್ತದೆ. ಹಾಡನ್ನೂ ಹೀಗೇ ತಯಾರಿಸಬಹುದಲ್ಲ ಎಂದು ಗಾರ್ಡಿಗೆ ಹೊಳೆಯಿತು.

ವೆಸ್ಟ್ ಗ್ರಾಂಡ್ ಬುಲೆವಾರ್ಡ್‌ನ ಮನೆ ಮೊದಲು ಫೋಟೊ ಸ್ಟುಡಿಯೋ ಆಗಿತ್ತು. ಅದನ್ನು ಕೊಂಡು ‘ಹಿಟ್ಸ್‌ವಿಲ್, ಯುಎಸ್‌ಎ’ ಎಂಬ ಬೋರ್ಡು ತೂಗುಹಾಕಿದ. ಹಿಂಭಾಗ ಧ್ವನಿಮುದ್ರಣದ ಜಾಗವಾಯಿತು, ಹೆಸರು ಸ್ಟುಡಿಯೋ ಎ. ಮೇಲಿಂದ ಕೇಬಲ್ಲುಗಳು ಜೋತಾಡುತ್ತಿದ್ದುದರಿಂದ ವಾದ್ಯಗಾರರು ಅದನ್ನು ‘ಹಾವಿನ ಗುಂಡಿ’ ಎನ್ನುತ್ತಿದ್ದರು. ದಿನದ 22 ಗಂಟೆ ಅಲ್ಲಿ ಕೆಲಸ ನಡೆಯುತ್ತಿತ್ತು. ಬರೆಯುವವರು ಬೇರೆ, ನುಡಿಸುವವರು ಬೇರೆ, ಹಾಡುವವರು ಬೇರೆ. ವೇದಿಕೆಯ ಹೆಜ್ಜೆ ಕಲಿಸಲು ಚೋಲಿ ಆಟ್‌ಕಿನ್ಸ್, ನಡೆ–ನುಡಿ ತಿದ್ದಲು ಮ್ಯಾಕ್ಸಿನ್ ಪವೆಲ್. ಶುಕ್ರವಾರ ಬೆಳಿಗ್ಗೆ ಗುಣಮಟ್ಟದ ಸಭೆ. ವಾರವಿಡೀ ತಯಾರಾದ ಹಾಡುಗಳನ್ನು ಕೇಳಿಸಿ ಗಾರ್ಡಿ ಕೇಳುತ್ತಿದ್ದದ್ದು ಒಂದೇ ಪ್ರಶ್ನೆ: ಜೇಬಿನಲ್ಲಿ ಕೊನೆಯ ಡಾಲರ್ ಉಳಿದಿದ್ದರೆ ಈ ಹಾಡು ಕೊಳ್ಳುತ್ತೀರೋ, ಒಂದು ಸ್ಯಾಂಡ್‌ವಿಚ್ ತಿನ್ನುತ್ತೀರೋ?

ಹಾಡಿನ ಭಾಗಗಳನ್ನು ಬಿಡಿಬಿಡಿಯಾಗಿ ಮುದ್ರಿಸಿ ಜೋಡಿಸಲು ಬೇಕಾದ ಯಂತ್ರವೂ ಅಲ್ಲಿತ್ತು. 60ರ ದಶಕದ ನಡುವಿನ ಹೊತ್ತಿಗೆ ಎಂಜಿನಿಯರ್ ಮೈಕ್ ಮೆಕ್ಲೀನ್ ಎಂಟು ಟ್ರ್ಯಾಕ್‌ಗಳ ಟೇಪ್ ಯಂತ್ರವನ್ನು ಸಂಸ್ಥೆಯೊಳಗೇ ಸಿದ್ಧಪಡಿಸಿದ್ದ. ತಾಳವಾದ್ಯ ಒಂದು ದಿನ, ಪಿಟೀಲು ಇನ್ನೊಂದು ದಿನ, ಗಾಯಕರು ತಮಗೆ ಬಿಡುವಾದ ದಿನ. ಇಬ್ಬರು ಗಾಯಕರು ಒಂದೇ ಹೊತ್ತಿಗೆ ಊರಿನಲ್ಲಿರಬೇಕೆಂಬ ಕಟ್ಟುಪಾಡೇ ಇಲ್ಲವಾಯಿತು. ಮಾರ್ವಿನ್ ಮತ್ತು ಟ್ಯಾಮಿ ಬೇರೆಬೇರೆಯಾಗಿ ಹಾಡಿದ್ದರ ಹಿಂದೆ ಯಾವ ಜಗಳವೂ ಇರಲಿಲ್ಲ, ರಹಸ್ಯವೂ ಇರಲಿಲ್ಲ. ಆ ಮನೆಯ ಕೆಲಸದ ರೀತಿಯೇ ಅದು.

ನಾಚಿಕೆಯ ನಾಯಕ

ಮಾರ್ವಿನ್ 1939ರ ಏಪ್ರಿಲ್ 2ರಂದು ವಾಷಿಂಗ್ಟನ್‌ನಲ್ಲಿ ಹುಟ್ಟಿದವನು. ತಂದೆ ಚರ್ಚಿನ ಬೋಧಕ. ಮಗ ಅಲ್ಲೇ ಹಾಡಲು ಕಲಿತ. ಹಾರ್ವಿ ಫ್ಯೂಕ್ವಾ ಎಂಬ ಗಾಯಕ ಅವನನ್ನು ತನ್ನ ‘ಮೂನ್‌ಗ್ಲೋಸ್’ ತಂಡಕ್ಕೆ ಸೇರಿಸಿಕೊಂಡು, ಮುಂದೆ ಡೆಟ್ರಾಯಿಟ್‌ಗೂ ಕರೆತಂದ. ಮೋಟೌನ್‌ನಲ್ಲಿ ಮಾರ್ವಿನ್ ಆರಂಭದಲ್ಲಿ ಡ್ರಮ್ ಬಾರಿಸುವ ಕೆಲಸವನ್ನೂ ಮಾಡಿದ. ಅವನ ಆಸೆಯೇ ಬೇರೆ. ನ್ಯಾಟ್ ಕಿಂಗ್ ಕೋಲ್, ಫ್ರಾಂಕ್ ಸಿನಾತ್ರಾ ಅವರಂತೆ ಕುರ್ಚಿಯ ಮೇಲೆ ಕುಳಿತು ಮೆಲುದನಿಯಲ್ಲಿ ಹಾಡಬೇಕು ಎಂಬುದು. 1961ರಲ್ಲಿ ಅಂಥದ್ದೊಂದು ಆಲ್ಬಂ ಮಾಡಿದ, ಜನ ಕೇಳಲಿಲ್ಲ. 1962ರಿಂದ ಕುಣಿಸುವ ಹಾಡುಗಳು ಗೆದ್ದವು. ವೇದಿಕೆಯೆಂದರೆ ಮಾತ್ರ ಅವನಿಗೆ ಕೊನೆಯವರೆಗೂ ದಿಗಿಲು.

ಚೆಲುವ, ಸೌಮ್ಯ ದನಿಯವ, ಹೆಣ್ಣುಮಕ್ಕಳ ಅಚ್ಚುಮೆಚ್ಚಿನವ. ಇಂಥವನ ಪಕ್ಕ ಒಬ್ಬ ಗಾಯಕಿಯನ್ನು ನಿಲ್ಲಿಸಿದರೆ ಹಾಡು ಪ್ರೇಮಕಥೆಯೇ ಆಗುತ್ತದೆ ಎಂಬುದು ಸಂಸ್ಥೆಗೆ ಬೇಗ ತಿಳಿಯಿತು. 1964ರಲ್ಲಿ ಮೇರಿ ವೆಲ್ಸ್ ಜೊತೆ ‘ಟುಗೆದರ್’ ಬಂತು. ಅದೇ ವರ್ಷ ಮೇರಿ ಸಂಸ್ಥೆ ಬಿಟ್ಟಳು. 1966ರಲ್ಲಿ ಕಿಮ್ ವೆಸ್ಟನ್ ಜೊತೆ ‘ಟೇಕ್ ಟೂ’ ಬಂತು. ಅದರ ‘ಇಟ್ ಟೇಕ್ಸ್ ಟೂ’ ಹಾಡು ಅಮೆರಿಕದ ಜನಪ್ರಿಯ ಹಾಡುಗಳ ಬಿಲ್‌ಬೋರ್ಡ್ ಪಟ್ಟಿಯಲ್ಲಿ 14ನೇ ಸ್ಥಾನಕ್ಕೇರಿತು. ಕಿಮ್ ಕೂಡ ಹೊರಟುಹೋದಳು. ಎರಡೂ ಒಳ್ಳೆಯ ಆಲ್ಬಂಗಳೇ. ಆದರೆ ಅವುಗಳಲ್ಲಿ ಇಬ್ಬರು ಗಾಯಕರು ಅಕ್ಕಪಕ್ಕ ಕುಳಿತು ಪ್ರಯಾಣ ಮಾಡಿದಂತೆ ಕೇಳಿಸುತ್ತದೆ. ತಮ್ಮ ಸರದಿ ಬಂದಾಗ ಚೆನ್ನಾಗಿ ಹಾಡುತ್ತಾರೆ, ಮುಗಿದ ಮೇಲೆ ಕಿಟಕಿಯಾಚೆ ನೋಡುತ್ತಾರೆ.

ಫಿಲಡೆಲ್ಫಿಯಾದ ಹುಡುಗಿ

ಮೂರನೆಯವಳಾಗಿ ಬಂದವಳೇ ಟ್ಯಾಮಿ. ಹುಟ್ಟಿದ್ದು 1945ರ ಏಪ್ರಿಲ್ 29, ಫಿಲಡೆಲ್ಫಿಯಾದಲ್ಲಿ. ಮನೆಯವರಿಟ್ಟ ಹೆಸರು ಥಾಮಸಿನಾ ವಿನಿಫ್ರೆಡ್ ಮಾಂಟ್‌ಗೊಮೆರಿ. ಹದಿಹರೆಯದಲ್ಲೇ ಹಾಡಿನ ಸಿಂಗಲ್‌ಗಳು ಬಂದವು. 1963ರ ಸುಮಾರಿಗೆ ಗಾಯಕ ಜೇಮ್ಸ್ ಬ್ರೌನ್ ತಂಡದೊಂದಿಗೆ ಊರೂರು ಸುತ್ತಿದಳು. ನಡುವೆ ಪೆನ್ಸಿಲ್ವೇನಿಯಾ ವಿಶ್ವವಿದ್ಯಾಲಯಕ್ಕೆ ಸೇರಿ ವೈದ್ಯಕೀಯಕ್ಕೆ ಪೂರ್ವತಯಾರಿಯ ಓದನ್ನೂ ಸ್ವಲ್ಪ ಕಾಲ ಓದಿದಳು. ಚಿಕ್ಕಂದಿನಿಂದಲೂ ತಲೆನೋವು ಅವಳ ಬೆನ್ನುಬಿಟ್ಟಿರಲಿಲ್ಲ.

ಡೆಟ್ರಾಯಿಟ್‌ನ ‘ಟ್ವೆಂಟಿ ಗ್ರಾಂಡ್’ ಕ್ಲಬ್ಬಿನಲ್ಲಿ ಅವಳು ಹಾಡುವುದನ್ನು ಗಾರ್ಡಿ ಕೇಳಿದ. 1965ರಲ್ಲಿ, ಅವಳಿಗೆ 20 ತುಂಬಿದ ಹೊತ್ತಿನಲ್ಲಿ, ಒಪ್ಪಂದವಾಯಿತು. ಉದ್ದ ಹೆಸರು ಕತ್ತರಿಸಿ ಟ್ಯಾಮಿ ಟೆರೆಲ್ ಎಂದು ಮಾಡಿದರು. ಒಬ್ಬಳೇ ಹಾಡಿದ ಕೆಲವು ಸಿಂಗಲ್‌ಗಳು ಬಂದವು, ದೊಡ್ಡ ಗೆಲುವು ಸಿಗಲಿಲ್ಲ. ಕಿಮ್ ವೆಸ್ಟನ್ ಜಾಗ ತೆರವಾದಾಗ ಅವಳನ್ನು ಮಾರ್ವಿನ್‌ಗೆ ಜೊತೆ ಮಾಡಿದರು.

ಮಾರ್ವಿನ್ ವೇದಿಕೆ ಕಂಡರೆ ಹಿಂಜರಿಯುವವನು. ಟ್ಯಾಮಿ ಜೇಮ್ಸ್ ಬ್ರೌನ್‌ನಂಥವನ ತಂಡದಲ್ಲಿ ಪಳಗಿ, ದೀಪ ಬಿದ್ದ ಕೂಡಲೇ ಅರಳುವವಳು. ಅವಳು ಪಕ್ಕದಲ್ಲಿದ್ದರೆ ಅವನ ಬಿಗುವು ಸಡಿಲವಾಗುತ್ತಿತ್ತು. ಇಬ್ಬರನ್ನೂ ಪ್ರೇಮಿಗಳೆಂದೇ ಅಭಿಮಾನಿಗಳು ನಂಬಿದ್ದರು. ಮಾರ್ವಿನ್‌ಗೆ ಆಗಲೇ ಗಾರ್ಡಿಯ ಅಕ್ಕ ಅನ್ನಾ ಜೊತೆ ಮದುವೆಯಾಗಿತ್ತು. ಟ್ಯಾಮಿ ಮತ್ತು ಅವನ ನಡುವೆ ಇದ್ದದ್ದು ಗಾಢ ಸ್ನೇಹ.

1967ರಲ್ಲಿ ಕೆನಡಾದ ಮಾಂಟ್ರಿಯಲ್‌ನಲ್ಲಿ ನಡೆದ ಎಕ್ಸ್‌ಪೋ ಮೇಳದ ಆವರಣದಲ್ಲಿ ಚಿತ್ರಿಸಿದ ತುಣುಕೊಂದು ಈಗಲೂ ನೋಡಲು ಸಿಗುತ್ತದೆ. ಮುದ್ರಿತ ಹಾಡಿಗೆ ಇಬ್ಬರೂ ತುಟಿ ಆಡಿಸುತ್ತಿದ್ದಾರೆ. ಬೇರೆಬೇರೆ ದಿನ ಹಾಡಿದ ಹಾಡಿಗೆ ಇಬ್ಬರೂ ಜೊತೆಯಾಗಿ ಮೈಗೊಟ್ಟಿದ್ದಾರೆ.

ಮ್ಯಾನ್‌ಹಟನ್ ಬೀದಿಯಲ್ಲಿ ಹುಟ್ಟಿದ ಬೆಟ್ಟ

ಹಾಡು ಹುಟ್ಟಿದ್ದು ಇನ್ನೊಂದು ಜೋಡಿಯಿಂದ. ನಿಕ್ ಆಶ್‌ಫರ್ಡ್ ಮಿಚಿಗನ್‌ನಿಂದ ನ್ಯೂಯಾರ್ಕಿಗೆ ಬಂದು ತಲೆಯ ಮೇಲೊಂದು ಸೂರಿಲ್ಲದೆ ದಿನ ಕಳೆದವನು. 1964ರಲ್ಲಿ ಹಾರ್ಲೆಮ್‌ನ ವೈಟ್ ರಾಕ್ ಬ್ಯಾಪ್ಟಿಸ್ಟ್ ಚರ್ಚಿನಲ್ಲಿ ಅವನಿಗೆ ವ್ಯಾಲರಿ ಸಿಂಪ್ಸನ್ ಎಂಬ ಹುಡುಗಿ ಪರಿಚಯವಾದಳು. ಅವಳು ಪಿಯಾನೊ ನುಡಿಸುತ್ತಿದ್ದಳು, ಅವನು ಪದ ಕಟ್ಟುತ್ತಿದ್ದ. ಮ್ಯಾನ್‌ಹಟನ್ ಬೀದಿಯಲ್ಲಿ ನಡೆಯುವಾಗ ಸುತ್ತ ನಿಂತ ಗಗನಚುಂಬಿಗಳು ನಿಕ್ ಕಣ್ಣಿಗೆ ಬೆಟ್ಟಗಳಂತೆ ಕಂಡವು. ಈ ಊರು ತನ್ನನ್ನು ಸೋಲಿಸಬಾರದು ಎಂಬ ಹಟದಿಂದ ಹಾಡಿನ ಮೊದಲ ಮಾತು ಹೊರಟಿತು. ಲೋಕ ಪ್ರೇಮಗೀತೆ ಎಂದುಕೊಂಡಿರುವ ಹಾಡಿನ ಮೂಲದಲ್ಲಿರುವುದು ನೆಲೆ ಹುಡುಕುತ್ತಿದ್ದ ಬಡ ಯುವಕನ ಛಲ.

ಬ್ರಿಟನ್ನಿನ ಖ್ಯಾತ ಗಾಯಕಿ ಡಸ್ಟಿ ಸ್ಪ್ರಿಂಗ್‌ಫೀಲ್ಡ್ ಆ ಹಾಡನ್ನು ಕೇಳಿ ತನಗೆ ಬೇಕೆಂದಳು. ಆಶ್‌ಫರ್ಡ್ ಮತ್ತು ಸಿಂಪ್ಸನ್ ಕೊಡಲಿಲ್ಲ. ಮೋಟೌನ್ ಬಾಗಿಲು ತೆರೆಸುವ ಕೀಲಿ ಈ ಹಾಡೇ ಎಂದು ಅವರಿಗೆ ಗೊತ್ತಿತ್ತು. ಊಹೆ ನಿಜವಾಯಿತು. ಮೋಟೌನ್ ಅದನ್ನು ಎತ್ತಿಕೊಂಡು ಹಾರ್ವಿ ಫ್ಯೂಕ್ವಾ ಮತ್ತು ಜಾನಿ ಬ್ರಿಸ್ಟಲ್ ಕೈಗೆ ಕೊಟ್ಟಿತು. ಮಾರ್ವಿನ್‌ನನ್ನು ಡೆಟ್ರಾಯಿಟ್‌ಗೆ ಕರೆತಂದ ಅದೇ ಫ್ಯೂಕ್ವಾ. ಬ್ರಿಸ್ಟಲ್ ಕೂಡ ಹಿಂದೆ ‘ಜಾನಿ ಅಂಡ್ ಜ್ಯಾಕಿ’ ಎಂಬ ಜೋಡಿಯಲ್ಲಿ ಹಾಡಿದವನು. ಎರಡು ದನಿ ಎಲ್ಲಿ ಕೂಡಬೇಕು, ಎಲ್ಲಿ ಬಿಡಬೇಕು ಎಂಬುದು ಅವನ ಅನುಭವಕ್ಕೆ ಬಂದ ವಿಷಯ.

ಎರಡೂವರೆ ನಿಮಿಷದೊಳಗೆ

ಹಾಡಿನ ಒಟ್ಟು ಅವಧಿ ಸುಮಾರು ಎರಡೂವರೆ ನಿಮಿಷ. ಕೆಳಗೆ ಬೇಸ್ ಗಿಟಾರ್ ನಡೆ. ಅದನ್ನು ನುಡಿಸಿದವನು ಜೇಮ್ಸ್ ಜೇಮರ್ಸನ್. ಬಲಗೈ ತೋರುಬೆರಳೊಂದರಿಂದಲೇ ತಂತಿ ಮೀಟುತ್ತಿದ್ದ, ತಂತಿ ಬದಲಾಯಿಸುವ ಗೋಜಿಗೂ ಹೋಗುತ್ತಿರಲಿಲ್ಲ. ಗೆಳೆಯರು ಆ ಬೆರಳಿಗೆ ‘ಕೊಕ್ಕೆ’ ಎಂದು ಹೆಸರಿಟ್ಟಿದ್ದರು. ಹಾಡು ಶುರುವಾಗುವ ಮೊದಲೇ ಅವನ ಬೇಸ್ ಕೇಳುಗನನ್ನು ಕಾಲ ಮೇಲೆ ನಿಲ್ಲಿಸುತ್ತದೆ.

ಮಾರ್ವಿನ್ ಮೊದಲು ಮಾತಿನ ಧಾಟಿಯಲ್ಲಿ ‘ಕೇಳಿಲ್ಲಿ’ ಎಂಬಂತೆ ಅವಳನ್ನು ಕರೆಯುತ್ತಾನೆ. ಬೆಟ್ಟ, ಕಣಿವೆ, ನದಿಗಳ ಹೆಸರು ಹೇಳಿ ಯಾವುದೂ ಅಡ್ಡಿಯಲ್ಲ ಎನ್ನುತ್ತಾನೆ. ಮೊದಲ ಚರಣ ಟ್ಯಾಮಿಯದು. ಎಷ್ಟೇ ದೂರವಿರು, ಕರೆದರೆ ಬಂದೆ ಎಂದು ಅವಳು ಭರವಸೆ ಕೊಡುತ್ತಾಳೆ. ಅವಳ ಒಂದು ಸಾಲು ಮುಗಿದು ಇನ್ನೊಂದು ಶುರುವಾಗುವ ಸಂದಿಯಲ್ಲಿ ಮಾರ್ವಿನ್ ಎರಡು–ಮೂರು ಪದ ಸೇರಿಸುತ್ತಾನೆ, ಸಮಾಧಾನದ ಮಾತು. ಅವಳ ಉಸಿರು ಮುಗಿಯುವ ಜಾಗ ಅವನಿಗೆ ಗೊತ್ತು. ಅವಳ ಹಾಡನ್ನು ಸರಿಯಾಗಿ ಕೇಳಿಸಿಕೊಂಡವನಿಗಷ್ಟೇ ಅದು ಗೊತ್ತಾಗಲು ಸಾಧ್ಯ.

ಎರಡನೇ ಚರಣದಲ್ಲಿ ಸರದಿ ತಿರುವುಮುರುವು. ಅವನು ಹಳೆಯ ದಿನವೊಂದನ್ನು ನೆನಪಿಸುತ್ತಾನೆ, ವಾಕ್ಯ ಪೂರ್ತಿ ಮಾಡುವವಳು ಅವಳು. ಮೂರನೇ ಚರಣದ ಹೊತ್ತಿಗೆ ಯಾರ ಮಾತು ಯಾರದು ಎಂದು ಬಿಡಿಸಿ ಹೇಳುವುದೇ ಕಷ್ಟ. ಒಬ್ಬರು ಗಾಳಿ, ಮಳೆ ಅನ್ನುವಷ್ಟರಲ್ಲಿ ಇನ್ನೊಬ್ಬರು ಚಳಿಗಾಲ ಅನ್ನುತ್ತಾರೆ. ಕಪ್ಪುಜನರ ಚರ್ಚುಗಳಲ್ಲಿ ಬೋಧಕ ಒಂದು ಮಾತು ಎತ್ತಿದರೆ ಸಭೆ ಅದಕ್ಕೆ ಮರುದನಿ ಕೊಡುವ ರೂಢಿಯುಂಟು. ನಿಕ್, ವ್ಯಾಲರಿ, ಮಾರ್ವಿನ್ ಮೂವರೂ ಆ ಚರ್ಚಿನ ನೆರಳಿನಲ್ಲೇ ಬೆಳೆದವರು. ಆ ರೂಢಿಯೇ ಇಲ್ಲಿ ಪ್ರೇಮದ ಮಾತಾಗಿದೆ.

ಟ್ಯಾಮಿಯ ದನಿಯಲ್ಲಿ ಹೊಳಪಿದೆ, ಅಂಚಿನಲ್ಲಿ ಸಣ್ಣಗೆ ಒರಟೂ ಇದೆ. ಮೇಲಿನ ಸ್ವರಕ್ಕೆ ಹೋದಾಗ ಅವಳು ಕಿರುಚುವುದಿಲ್ಲ, ನಕ್ಕಹಾಗೆ ಹಾರುತ್ತಾಳೆ. ಎದುರು ಯಾರೂ ಇಲ್ಲದೆ, ಅಭ್ಯಾಸವೂ ಸಾಲದೆ ಹಾಡಿದ ಹುಡುಗಿ ಇವಳೇ ಎಂಬುದು ನಂಬಲು ಕಷ್ಟ. ಮೈಲಿಗಟ್ಟಲೆ ದೂರವಿದ್ದರೂ ಪ್ರೀತಿ ಎದೆಯಲ್ಲಿ ಜೀವಂತವಾಗಿದೆ ಎಂಬ ಅರ್ಥದ ಮಾತು ಮೂರನೇ ಚರಣದಲ್ಲಿದೆ. ಅದನ್ನು ಹಾಡುವವಳು ಟ್ಯಾಮಿಯೇ.

ಹನ್ನೆರಡು ಹಾಡು, ಹಲವು ಜೋಡಣೆ

ಆಲ್ಬಂನ ಇತರ ಹಾಡುಗಳಲ್ಲೂ ಈ ಜೋಡಣೆಯ ಕಥೆ ಇದೆ. ‘ಹೋಲ್ಡ್ ಮಿ ಓ ಮೈ ಡಾರ್ಲಿಂಗ್’ ಮತ್ತು ‘ಟೂ ಕ್ಯಾನ್ ಹ್ಯಾವ್ ಎ ಪಾರ್ಟಿ’ ಎಂಬ ಎರಡನ್ನು ಟ್ಯಾಮಿ ಮೊದಲೇ ತನ್ನೊಬ್ಬಳ ಹಾಡಾಗಿ ಮುದ್ರಿಸಿದ್ದಳು. ಕಪಾಟಿನಲ್ಲಿದ್ದ ಆ ಟೇಪುಗಳಿಗೆ ಮಾರ್ವಿನ್ ದನಿ ಸೇರಿಸಿ ಯುಗಳ ಗೀತೆ ಮಾಡಿದರು. ಫ್ರಾಂಕ್ ಸಿನಾತ್ರಾ ಮತ್ತು ಮಗಳು ನ್ಯಾನ್ಸಿ ಅದೇ ವರ್ಷ ಗೆಲ್ಲಿಸಿದ್ದ ‘ಸಮ್‌ಥಿಂಗ್ ಸ್ಟುಪಿಡ್’ ಹಾಡನ್ನೂ ಸೇರಿಸಿಕೊಂಡರು.

‘ಯುವರ್ ಪ್ರೆಷಸ್ ಲವ್’ ಮತ್ತೆ ಆಶ್‌ಫರ್ಡ್–ಸಿಂಪ್ಸನ್ ರಚನೆ. ವಿಳಂಬ ನಡೆಯ ಈ ಹಾಡು ಬಿಲ್‌ಬೋರ್ಡ್ ಪಟ್ಟಿಯಲ್ಲಿ 5ನೇ ಸ್ಥಾನ ಮುಟ್ಟಿತು. ಇಂದು ಎಲ್ಲರ ಬಾಯಲ್ಲಿರುವ ‘ಏಂಟ್ ನೋ ಮೌಂಟನ್’ ಆಗ ತಲುಪಿದ್ದು 19ನೇ ಸ್ಥಾನವನ್ನಷ್ಟೇ. ‘ಇಫ್ ಐ ಕುಡ್ ಬಿಲ್ಡ್ ಮೈ ಹೋಲ್ ವರ್ಲ್ಡ್ ಅರೌಂಡ್ ಯು’ 10ಕ್ಕೇರಿತು. ಆ ರೆಕಾರ್ಡಿನ ಹಿಂಬದಿಗೆ ಹಾಕಿದ್ದ ‘ಇಫ್ ದಿಸ್ ವರ್ಲ್ಡ್ ವರ್ ಮೈನ್’ ಮಾರ್ವಿನ್‌ನ ಸ್ವಂತ ರಚನೆ. ಕುರ್ಚಿಯ ಮೇಲೆ ಕುಳಿತು ಮೆಲ್ಲಗೆ ಹಾಡುವ ಗಾಯಕನಾಗಬೇಕೆಂಬ ಅವನ ಹಳೆಯ ಆಸೆ ಈ ಹಾಡಿನಲ್ಲಿ ಈಡೇರಿದೆ. 1982ರಲ್ಲಿ ಶೆರಿಲ್ ಲಿನ್ ಮತ್ತು ಲೂಥರ್ ವ್ಯಾಂಡ್ರಾಸ್ ಅದನ್ನು ಮತ್ತೆ ಜೋಡಿಯಾಗಿ ಹಾಡಿದರು.

ಯುಗಳ ಗೀತೆ ಎಂದರೇನು ಎಂದು ಕನ್ನಡಿಗರಿಗೆ ವಿವರಿಸಬೇಕಿಲ್ಲ. ಡೆಟ್ರಾಯಿಟ್‌ನಲ್ಲಿ ಟೇಪು ಜೋಡಿಸುತ್ತಿದ್ದ ಅದೇ 60ರ ದಶಕದಲ್ಲಿ ಮದರಾಸಿನ ಸ್ಟುಡಿಯೋಗಳಲ್ಲಿ ಪಿ.ಬಿ. ಶ್ರೀನಿವಾಸ್ ಮತ್ತು ಎಸ್. ಜಾನಕಿ ಕನ್ನಡ ಚಿತ್ರಗಳಿಗಾಗಿ ಹಾಡುತ್ತಿದ್ದರು. ಆಗ ಗಾಯಕರು, ವಾದ್ಯಗಾರರು ಎಲ್ಲರೂ ಒಟ್ಟಿಗೆ ಕೂಡಿ ಹಾಡು ಮುಗಿಸುವುದೇ ವಾಡಿಕೆ. ಯಾರೊಬ್ಬರು ತಪ್ಪಿದರೂ ಮತ್ತೆ ಮೊದಲಿನಿಂದ. ಒಬ್ಬರ ಗಮಕಕ್ಕೆ ಇನ್ನೊಬ್ಬರು ಅಲ್ಲೇ ಸ್ಪಂದಿಸುತ್ತಿದ್ದರು. ಮುಂದೆ ಟ್ರ್ಯಾಕ್ ಪದ್ಧತಿ ನಮ್ಮಲ್ಲೂ ಬಂತು. ಈಗ ಗಾಯಕ ಒಂದು ಊರಿನಲ್ಲಿ, ಗಾಯಕಿ ಇನ್ನೊಂದು ಊರಿನಲ್ಲಿ, ಹಾಡು ಕಂಪ್ಯೂಟರಿನಲ್ಲಿ ಕೂಡಿಕೊಳ್ಳುತ್ತದೆ. ಹಾಗೆ ಮುದ್ರಿಸಿದ ಹಾಡಿಗೆ ಜೀವವಿರುವುದಿಲ್ಲ ಎಂಬ ಕೊರಗು ಹಿರಿಯ ಕೇಳುಗರಲ್ಲಿದೆ. ‘ಯುನೈಟೆಡ್’ ಆ ಕೊರಗಿಗೆ ಒಂದು ಉತ್ತರ. ಒಂದೇ ಕೋಣೆಯಲ್ಲಿ ನಿಂತವರಿಗೆ ಆಲಿಸುವ ಅನುಕೂಲ ತಾನಾಗಿ ಸಿಗುತ್ತದೆ. ಬೇರೆ ದಿನ ಬಂದವನು ಅದನ್ನು ದುಡಿದು ಗಳಿಸಿಕೊಳ್ಳಬೇಕು. ಮಾರ್ವಿನ್ ಗಳಿಸಿಕೊಂಡ.

ಹೊತ್ತಿ ಉರಿದ ಊರು

ಆಲ್ಬಂ ಬಿಡುಗಡೆಗೆ ಇನ್ನೇನು ಒಂದು ತಿಂಗಳಿದೆ ಎನ್ನುವಾಗ ಡೆಟ್ರಾಯಿಟ್ ಹೊತ್ತಿಕೊಂಡಿತು. 1967ರ ಜುಲೈ 23ರ ಬೆಳಗಿನ ಜಾವ 12ನೇ ಬೀದಿಯ ಅಕ್ರಮ ಮದ್ಯದಂಗಡಿಯೊಂದರ ಮೇಲೆ ಪೊಲೀಸರು ದಾಳಿ ಮಾಡಿದರು. ವಿಯೆಟ್ನಾಂನಿಂದ ಮರಳಿದ ಯೋಧರಿಗಾಗಿ ಅಲ್ಲಿ ಕೂಟ ನಡೆದಿತ್ತು. ವರ್ಷಗಟ್ಟಲೆ ಕುದಿಯುತ್ತಿದ್ದ ಸಿಟ್ಟು ಸಿಡಿಯಿತು. ಐದು ದಿನಗಳಲ್ಲಿ 43 ಜನ ಸತ್ತರು, 7,000ಕ್ಕೂ ಹೆಚ್ಚು ಜನರ ಬಂಧನವಾಯಿತು, ಸೈನ್ಯ ಬೀದಿಗಿಳಿಯಿತು. ಫಾಕ್ಸ್ ಥಿಯೇಟರ್‌ನಲ್ಲಿ ಹಾಡುತ್ತಿದ್ದ ಮೋಟೌನ್ ಗಾಯಕಿ ಮಾರ್ಥಾ ರೀವ್ಸ್ ಹಾಡು ನಿಲ್ಲಿಸಿ, ಗಾಬರಿಯಾಗದೆ ಮನೆಗೆ ಹೋಗಿ ಎಂದು ವೇದಿಕೆಯಿಂದಲೇ ಹೇಳಬೇಕಾಯಿತು.

12ನೇ ಬೀದಿ ವೆಸ್ಟ್ ಗ್ರಾಂಡ್ ಬುಲೆವಾರ್ಡನ್ನು ಹಾದುಹೋಗುವ ಜಾಗ ಹಿಟ್ಸ್‌ವಿಲ್‌ಗೆ ಹತ್ತಿರವೇ. ಮನೆ ಉಳಿಯಿತು. ಬೂದಿಯ ವಾಸನೆ ಇನ್ನೂ ಆರದ ಆ ಊರಿನಿಂದ ಆಗಸ್ಟ್ 29ರಂದು ಹೊರಟ ಆಲ್ಬಂನ ಹೆಸರು ‘ಯುನೈಟೆಡ್’. ಅದು ರಾಜಕೀಯದ ಹೆಸರಾಗಿರಲಿಲ್ಲ. ಆದರೂ ಎಷ್ಟೇ ದೂರವಿದ್ದರೂ ಕರೆದರೆ ಬರುತ್ತೇನೆ ಎಂಬ ಮಾತು ಆ ಬೇಸಿಗೆಯ ಡೆಟ್ರಾಯಿಟ್‌ನ ರೇಡಿಯೋಗಳಿಂದ ಕೇಳಿಬರುತ್ತಿದ್ದಾಗ ಅದು ಇಬ್ಬರು ಪ್ರೇಮಿಗಳ ಮಾತಾಗಿ ಮಾತ್ರ ಉಳಿದಿರಲಾರದು.

ತೋಳಿಗೆ ಕುಸಿದವಳು

1967ರ ಅಕ್ಟೋಬರ್ 14. ವರ್ಜಿನಿಯಾದ ಹ್ಯಾಂಪ್ಡನ್–ಸಿಡ್ನಿ ಕಾಲೇಜಿನಲ್ಲಿ ಇಬ್ಬರ ಕಾರ್ಯಕ್ರಮ. ಆಲ್ಬಂ ಬಂದು ಏಳು ವಾರ ತುಂಬಿರಲಿಲ್ಲ. ಹಾಡುತ್ತಿದ್ದ ಟ್ಯಾಮಿ ತೂರಾಡಿ ಮಾರ್ವಿನ್ ತೋಳಿಗೆ ಕುಸಿದಳು. ಮಿದುಳಿನಲ್ಲಿ ಗಡ್ಡೆ ಬೆಳೆದಿದೆ ಎಂದು ವೈದ್ಯರು ಹೇಳಿದರು. ಚಿಕ್ಕಂದಿನಿಂದ ಕಾಡಿದ ತಲೆನೋವನ್ನು ಎಲ್ಲರೂ ಈಗ ಹೊಸದಾಗಿ ಲೆಕ್ಕ ಹಾಕಿದರು. 1968ರ ಜನವರಿಯಲ್ಲಿ ಮೊದಲ ಶಸ್ತ್ರಚಿಕಿತ್ಸೆಯಾಯಿತು. ಮುಂದೆ ಒಂದಾದ ಮೇಲೊಂದು.

ಚಿಕಿತ್ಸೆಯ ನಡುವೆಯೂ ಅವಳು ಸ್ಟುಡಿಯೋಗೆ ಬಂದಳು. 1968ರ ಎರಡನೇ ಜೋಡಿ ಆಲ್ಬಂ ‘ಯು ಆರ್ ಆಲ್ ಐ ನೀಡ್’. ಆಶ್‌ಫರ್ಡ್ ಮತ್ತು ಸಿಂಪ್ಸನ್ ಈಗ ಬರೆಯುವವರಷ್ಟೇ ಅಲ್ಲ, ನಿರ್ಮಾಪಕರೂ ಆಗಿದ್ದರು. ‘ಏಂಟ್ ನಥಿಂಗ್ ಲೈಕ್ ದಿ ರಿಯಲ್ ಥಿಂಗ್’ 8ನೇ ಸ್ಥಾನಕ್ಕೆ, ‘ಯು ಆರ್ ಆಲ್ ಐ ನೀಡ್ ಟು ಗೆಟ್ ಬೈ’ 7ನೇ ಸ್ಥಾನಕ್ಕೆ ಏರಿದವು. ಎರಡೂ ರಿದಮ್ ಅಂಡ್ ಬ್ಲೂಸ್ ಪಟ್ಟಿಯಲ್ಲಿ ಮೊದಲ ಸ್ಥಾನ ಪಡೆದವು. ಹಾಡು ಸಾಲದೆ ಬಂದಾಗ ಟ್ಯಾಮಿಯ ಹಳೆಯ ಟೇಪುಗಳನ್ನು ತೆಗೆದು ಮಾರ್ವಿನ್ ದನಿ ಸೇರಿಸುವ ಕೆಲಸ ಇಲ್ಲೂ ನಡೆಯಿತು.

1969ರ ‘ಈಸಿ’ ಮೂರನೆಯ ಮತ್ತು ಕೊನೆಯ ಜೋಡಿ ಆಲ್ಬಂ. ಅದರಲ್ಲಿರುವ ಹೆಣ್ಣುದನಿಯ ಬಗ್ಗೆ ವಿವಾದ ಇನ್ನೂ ತಣಿದಿಲ್ಲ. ಅವಳಿಗೆ ಹಾಡಲಾಗುತ್ತಿರಲಿಲ್ಲ, ಹಲವು ಹಾಡುಗಳಲ್ಲಿ ಹಾಡಿದ್ದು ವ್ಯಾಲರಿ ಸಿಂಪ್ಸನ್ ಎಂದು ಮಾರ್ವಿನ್ ತನ್ನ ಜೀವನಚರಿತ್ರೆ ಬರೆದ ಡೇವಿಡ್ ರಿಟ್ಜ್‌ಗೆ ಹೇಳಿದ. ವ್ಯಾಲರಿ ಇದನ್ನು ಒಪ್ಪಲಿಲ್ಲ. ಟ್ಯಾಮಿಗೆ ದಾರಿ ತೋರಿಸಲು ತಾನು ಮಾದರಿ ಹಾಡಿದ್ದೆ, ಅದನ್ನು ಕೇಳಿಕೊಂಡು ಟ್ಯಾಮಿಯೇ ಹಾಡಿದಳು ಎಂಬುದು ಅವಳ ಮಾತು. ಅವಳ ಮಾತಿನ ಪ್ರಕಾರ, ಹಾಸಿಗೆಯಿಂದ ಎದ್ದು ಬಂದ ಟ್ಯಾಮಿ ಗೆಳತಿಯ ದನಿಯನ್ನು ಸಾಲುಸಾಲಾಗಿ ಹಿಂಬಾಲಿಸಿ ತನ್ನ ಪಾಲು ಮುಗಿಸಿದಳು. ಅವಳು ಒಬ್ಬಳೇ ಹಾಡಿದ ಏಕೈಕ ಆಲ್ಬಂ ‘ಇರೆಸಿಸ್ಟಿಬಲ್’ ಬಂದದ್ದೂ ಅದೇ ವರ್ಷ.

ಅದೇ ವರ್ಷ ನ್ಯೂಯಾರ್ಕಿನ ಅಪೊಲೊ ಥಿಯೇಟರ್‌ನಲ್ಲಿ ಮಾರ್ವಿನ್ ಕಾರ್ಯಕ್ರಮ. ಟ್ಯಾಮಿ ಪ್ರೇಕ್ಷಕರ ನಡುವೆ ಇದ್ದಳು. ಅವಳನ್ನು ಕಂಡ ಮಾರ್ವಿನ್ ವೇದಿಕೆ ಇಳಿದು ಅವಳ ಬಳಿಗೆ ಬಂದ. ಮೈಕ್ ಇಬ್ಬರ ನಡುವೆ ಹಿಡಿದು ‘ಯು ಆರ್ ಆಲ್ ಐ ನೀಡ್ ಟು ಗೆಟ್ ಬೈ’ ಹಾಡಿದರು. ಸಭೆ ಎದ್ದು ನಿಂತಿತು. ಜನರೆದುರು ಅವಳು ಹಾಡಿದ್ದು ಅದೇ ಕೊನೆ.

1970ರ ಮಾರ್ಚ್ 16ರಂದು ಟ್ಯಾಮಿ ತೀರಿಕೊಂಡಳು. ಇನ್ನೂ 25 ತುಂಬಿರಲಿಲ್ಲ. ಫಿಲಡೆಲ್ಫಿಯಾದ ಚರ್ಚಿನಲ್ಲಿ ಮಾರ್ವಿನ್ ವಿದಾಯದ ಮಾತಾಡುವಾಗ ಹಿನ್ನೆಲೆಯಲ್ಲಿ ಅವರಿಬ್ಬರ ಅದೇ ಹಾಡು ಕೇಳಿಸುತ್ತಿತ್ತು.

ಅವಳ ನಂತರ

ಆ ವರ್ಷವೇ ಮೋಟೌನ್‌ನ ಇನ್ನೊಬ್ಬ ಗಾಯಕಿ ಡಯಾನಾ ರಾಸ್ ‘ಏಂಟ್ ನೋ ಮೌಂಟನ್’ ಹಾಡನ್ನು ಒಬ್ಬಳೇ ಹಾಡಿದಳು. ನಿಕ್ ಮತ್ತು ವ್ಯಾಲರಿ ಹಾಡನ್ನು ಬಿಚ್ಚಿ ಹೊಸದಾಗಿ ಕಟ್ಟಿದ್ದರು. ಉದ್ದುದ್ದ ಮಾತಿನ ಭಾಗ, ನಿಧಾನವಾಗಿ ಏರುವ ವಾದ್ಯವೃಂದ. ಸೆಪ್ಟೆಂಬರ್‌ನಲ್ಲಿ ಅದು ಬಿಲ್‌ಬೋರ್ಡ್ ಪಟ್ಟಿಯ ಮೊದಲ ಸ್ಥಾನಕ್ಕೇರಿತು. ಜೋಡಿಗೆ ಸಿಗದ ಗೆಲುವು ಒಬ್ಬಳಿಗೆ ಸಿಕ್ಕಿತು. 1973ರಲ್ಲಿ ಡಯಾನಾ ಮತ್ತು ಮಾರ್ವಿನ್ ‘ಡಯಾನಾ ಅಂಡ್ ಮಾರ್ವಿನ್’ ಎಂಬ ಜೋಡಿ ಆಲ್ಬಂ ತಂದರು. ಡಯಾನಾ ಬಸುರಿ, ಸ್ಟುಡಿಯೋದಲ್ಲಿ ಮಾರ್ವಿನ್ ಗಾಂಜಾ ಸೇದುವುದನ್ನು ಬಿಡಲಿಲ್ಲ. ಬಹುಪಾಲು ಹಾಡುಗಳನ್ನು ಬೇರೆಬೇರೆಯಾಗಿಯೇ ಮುದ್ರಿಸಿದರು. ಅದೇ ತಂತ್ರ, ಟ್ಯಾಮಿಗಿಂತ ದೊಡ್ಡ ತಾರೆ. ಕೇಳಿ ನೋಡಿದರೆ ಎರಡು ಸೊಗಸಾದ ದನಿಗಳು ಸಿಗುತ್ತವೆ, ಅವುಗಳ ನಡುವೆ ನಡೆಯಬೇಕಾದ ಮಾತುಕತೆ ಸಿಗುವುದಿಲ್ಲ. ಟೇಪು ಜೋಡಿಸುವ ಎಂಜಿನಿಯರ್‌ಗೆ ಆಗದ್ದನ್ನು 1967ರಲ್ಲಿ ಟ್ಯಾಮಿ ಮತ್ತು ಮಾರ್ವಿನ್ ಮಾಡಿದ್ದರು.

ಟ್ಯಾಮಿ ಹೋದ ಮೇಲೆ ಮಾರ್ವಿನ್ ಪ್ರವಾಸ ನಿಲ್ಲಿಸಿದ, ಗಡ್ಡ ಬಿಟ್ಟ. ವಿಯೆಟ್ನಾಂನಿಂದ ಮರಳಿದ ತಮ್ಮ ಫ್ರಾಂಕಿ ಹೇಳಿದ ಕಥೆಗಳನ್ನು ಕೇಳಿ ಕುಳಿತ. 1970ರ ಜೂನ್‌ನಲ್ಲಿ ಅದೇ ವೆಸ್ಟ್ ಗ್ರಾಂಡ್ ಬುಲೆವಾರ್ಡ್ ಮನೆಯ ಅದೇ ಹಾವಿನ ಗುಂಡಿಗೆ ಇಳಿದು ‘ವಾಟ್ಸ್ ಗೋಯಿಂಗ್ ಆನ್’ ಹಾಡನ್ನು ಮುದ್ರಿಸಿದ. ಬೇಸ್ ನುಡಿಸಿದವನು ಮತ್ತೆ ಜೇಮರ್ಸನ್. ಅವನು ಕೂರಲೂ ಆಗದಷ್ಟು ಕುಡಿದಿದ್ದ, ನೆಲದ ಮೇಲೆ ಅಂಗಾತ ಮಲಗಿಯೇ ನುಡಿಸಿದ.

ಮಾರ್ವಿನ್ ಹಾಡನ್ನು ಎರಡು ಸಲ, ಎರಡು ರೀತಿಯಲ್ಲಿ ಹಾಡಿದ್ದ. ಯಾವುದು ಚೆನ್ನಾಗಿದೆ ಎಂದು ಹೋಲಿಸಿ ಒಂದನ್ನು ಇಟ್ಟುಕೊಳ್ಳುವುದು ಅವನ ಲೆಕ್ಕ. ಎಂಜಿನಿಯರ್ ಕೆನ್ ಸ್ಯಾಂಡ್ಸ್ ಎರಡನ್ನೂ ಒಂದೇ ಟೇಪಿಗೆ ಹಾಕಿಕೊಂಡು ಕೇಳಿಸಿದಾಗ ಅಕಸ್ಮಾತ್ತಾಗಿ ಎರಡೂ ದನಿ ಒಟ್ಟಿಗೆ ಹೊರಬಂದವು. ಮಾರ್ವಿನ್ ಅದನ್ನು ಹಾಗೇ ಇರಲಿ ಎಂದ. ಆಮೇಲೆ ಅವನು ಮಾಡಿದ ಹಾಡುಗಳಲ್ಲೆಲ್ಲ ಅದೇ ಅವನ ಗುರುತಾಯಿತು. ಹಾಡಿನಲ್ಲಿ ಒಂದು ದನಿ ಮುಂದೆ ಹೋಗುತ್ತದೆ. ಅದು ಉಸಿರು ತೆಗೆದುಕೊಳ್ಳುವ ಸಂದಿಯಲ್ಲಿ ಇನ್ನೊಂದು ಮೆಲ್ಲಗೆ ಒಳಬಂದು ಎರಡು ಪದ ಸೇರಿಸುತ್ತದೆ. ಎರಡೂ ಮಾರ್ವಿನ್‌ನದೇ.